ರಾಣಿ ತಗೊಂಡ ಫ್ರಾಕ್

ಗ್ಲೆಂಡೇಲ್, ಅಮೆರಿಕ
ಮಂಗಳವಾರ, ೨೦ ಸೆಪ್ಟೆಂಬರ್ ೨೦೨೨

ಪ್ರೀತಿಯ ಅಜ್ಜಿ,

ನಿನ್ನ ಫ್ರಾಕ್ ಸಿಕ್ಕಿತು! ಅದೇ, ಅರವತ್ತೊಂದು ವರ್ಷದಿಂದ “ರಾಣಿ ತಗೊಂಡ್ಲು” ಎಂದು ನೀನು ಹೇಳುತ್ತ ಬಂದಿರುವ ಬಿಳಿ ಪಾಪ್ಲಿನ್ ಫ್ರಾಕ್. ಅದು ಲಂಡನ್ನಿಗೆ ಹೋಗಿಲ್ಲ. ಯಾವ ಅರಮನೆಯ ಬೀರುವಿನಲ್ಲೂ ಇಲ್ಲ. ನಾನು ಈ ಕಾಗದ ಬರೆಯುತ್ತಿರುವ ಊಟದ ಮೇಜಿನ ಮೇಲೆಯೇ, ನನ್ನ ಎಡಗೈ ಪಕ್ಕದಲ್ಲಿ ಇದೆ. ಎರಡು ಸಾಲಿಗೊಮ್ಮೆ ಮುಟ್ಟಿ ನೋಡುತ್ತಿದ್ದೇನೆ.

ಮೊದಲು ನಿನಗೆ ನಮಸ್ಕಾರ ಹೇಳಿ, ಮಂಡಿನೋವು ಹೇಗಿದೆ ಎಂದು ಕೇಳಿ, ಆಮೇಲೆ ಸುದ್ದಿಗೆ ಬರಬೇಕಿತ್ತು. ತಡೆಯಲಾಗಲಿಲ್ಲ. ಈಗ ಕೇಳುತ್ತಿದ್ದೇನೆ: ಹೇಗಿದ್ದೀಯ? ಮಾತ್ರೆ ತಪ್ಪದೆ ನುಂಗುತ್ತಿದ್ದೀಯ? ಅಲ್ಲಿ ಸ್ಯಾನ್ ಡಿಯೇಗೊದಲ್ಲಿ ಸಿದ್ಧಲಿಂಗೇಶ ಮಾಮ ಕರ್ನಿ ಮೆಸಾದ ಆಫೀಸಿನಿಂದ ಇನ್ನೂ ಎಂಟು ಗಂಟೆಗೇ ಬರುತ್ತಾನಾ? ಅವನಿಗೆ ಬೈದು ಬೇಗ ಬರುವ ಹಾಗೆ ಮಾಡು. ನಿನ್ನ ಮಗ ನಿನ್ನ ಮಾತು ಬಿಟ್ಟರೆ ಇನ್ಯಾರ ಮಾತನ್ನೂ ಕೇಳುವುದಿಲ್ಲ.

ಮದುವೆಯಾಗಿ ಐದು ವಾರ ಆಯಿತು, ಮೊಮ್ಮಗಳಿಂದ ಒಂದು ಕಾಗದವಿಲ್ಲ ಎಂದು ಬೇಜಾರಾಗಿರಬೇಕು. ಆಗಲೇಬೇಕು. ಫೋನಿನಲ್ಲಿ ಎರಡು ನಿಮಿಷ ಮಾತಾಡಿ ಇಟ್ಟುಬಿಡುತ್ತೇನೆ, ಗೊತ್ತು. ಈ ಸುದ್ದಿಯನ್ನೂ ಫೋನಿನಲ್ಲೇ ಹೇಳಬಹುದಿತ್ತು. ಆದರೆ ಮಾಮ ಸ್ಪೀಕರ್ ಹಾಕುತ್ತಾನೆ, ನಿನ್ನ ಕಿವಿಯ ಮೆಷಿನ್ ಸಿಳ್ಳೆ ಹೊಡೆಯುತ್ತದೆ, ನೀನು “ಏನಂದೆ? ಏನಂದೆ?” ಎನ್ನುತ್ತೀಯ, ನಾನು ಕೂಗಬೇಕಾಗುತ್ತದೆ. ಇದು ಕೂಗಿ ಹೇಳುವ ವಿಷಯ ಅಲ್ಲ. ನೀನೊಬ್ಬಳೇ ಕೂತು, ಬೆರಳಿಟ್ಟು ಓದಬೇಕಾದದ್ದು. ಬೇಸಿಗೆ ರಜದಲ್ಲಿ ನೀನೇ ತೀಡಿಸಿದ ಅಕ್ಷರ ಇದು. ಇಂಗ್ಲಿಷ್ ಮೀಡಿಯಮ್ಮಿನವರು ನನಗೆ ಕಲಿಸಿದ ಕನ್ನಡದಲ್ಲಿ ರಜಾ ಅರ್ಜಿ ಬಿಟ್ಟು ಬೇರೇನೂ ಬರೆಯಲಾಗುವುದಿಲ್ಲ.

ಶ್ರೀಕರ್ ವಿಷಯ ಬರೆಯಲು ಕೂತರೆ ಫ್ರಾಕಿಗೆ ಜಾಗವೇ ಉಳಿಯುವುದಿಲ್ಲ. ಒಂದೇ ಒಂದು ಹೇಳುತ್ತೇನೆ. ಇಲ್ಲ, ಎರಡು. ಹೋದ ವಾರ ಒಂದು ದುಂಡುಮಲ್ಲಿಗೆ ಗಿಡ ತಂದ. ಕುಂಡವನ್ನು ಕಾರಿನ ಮುಂದಿನ ಸೀಟಿನಲ್ಲಿ ಕೂರಿಸಿ ಬೆಲ್ಟ್ ಹಾಕಿಕೊಂಡು ಬಂದಿದ್ದ. “ನೀನು ಹಿಂದೆ ಕೂತ್ಕೋ, ಇವಳು ಹೊಸಬಳು” ಎಂದ. ಎರಡನೆಯದು, ಸಾರಿಗೆ ಒಗ್ಗರಣೆ ಹಾಕುವಾಗ ಪ್ರತಿ ಸಲವೂ ಹೊಗೆಯ ಅಲಾರಾಂ ಹೊಡೆದುಕೊಳ್ಳುತ್ತದೆ. ಅವನು ಕುರ್ಚಿ ಹತ್ತಿ ಟವೆಲ್ ಬೀಸುತ್ತ ನಿಲ್ಲುತ್ತಾನೆ, ಕೆಳಗಿನಿಂದ ನಾನು ಸಾಸಿವೆ ಹಾಕುತ್ತೇನೆ. ಇಷ್ಟು ಖುಷಿ ಒಬ್ಬಳಿಗೇ ಇರಬಹುದಾ ಅಜ್ಜಿ? ಅವನ ಆಫೀಸು ಮನೆಯಿಂದ ಹತ್ತು ನಿಮಿಷ. ಮಧ್ಯಾಹ್ನ ಊಟಕ್ಕೆ ಬರುತ್ತಾನೆ. ಬಂದು ಊಟ ಮಾಡುವುದನ್ನೇ ಮರೆಯುತ್ತಾನೆ. ಸಾಕು, ಇಲ್ಲಿಗೆ ನಿಲ್ಲಿಸುತ್ತೇನೆ.

ಮದುವೆಯ ಫೋಟೋ ಕಳಿಸು ಎಂದು ನೀನು ಮೂರು ಸಲ ಕೇಳಿದೆ. ನಾರ್ವಾಕ್‌ನ ಸರ್ಕಾರಿ ಆಫೀಸಿನಲ್ಲಿ ಹತ್ತು ನಿಮಿಷದ ಸಹಿ, ಅಷ್ಟೇ ಎಂದು ಹೇಳಿದ್ದೆನಲ್ಲ. ಇರಲಿ, ಅದು ಆಮೇಲೆ.

ಈಗ ವಾಲ್‌ನಟ್‌ಗೆ ಬಾ. ಆ ಊರಲ್ಲಿ ನಮ್ಮ ಅತ್ತೆ ನಿರುಪಮಾ ಮತ್ತು ಗಿರಿಧರ್ ಮಾವ ಇದ್ದಾರೆ. ದೊಡ್ಡ ಮನೆ, ಹಿಂದೆ ನಿಂಬೆ ಗಿಡ, ಮುಂದೆ ಮೂರು ಕಾರು. ನೀನು ಅವರನ್ನು ಇನ್ನೂ ನೋಡಿಲ್ಲ. ಅತ್ತೆಗೆ ಅರವತ್ತೆಂಟು, ನಿನಗಿಂತ ಎರಡು ವರ್ಷ ಚಿಕ್ಕವರು. ಶ್ರೀಕರ್ ತಡವಾಗಿ ಹುಟ್ಟಿದ ಒಬ್ಬನೇ ಮಗ. ನಾನು ಮೊದಲ ಸಲ ಆ ಮನೆಗೆ ಹೋದಾಗ ಅತ್ತೆ ನನ್ನನ್ನು ತಲೆಯಿಂದ ಕಾಲಿನವರೆಗೆ ನೋಡಿ, “ಬೆಂಗಳೂರಲ್ಲಿ ನಿಮ್ಮ ಕಡೆಯವರು ಯಾವ ಸ್ಕೂಲು?” ಎಂದು ಕೇಳಿದರು. ನಾನು ನಿನ್ನ ಕಾನ್ವೆಂಟಿನ ಹೆಸರು ಹೇಳಿದೆ. ಅವರ ಮುಖ ಅರಳಿತು. “ಅಯ್ಯೋ, ನಮ್ಮ ಸ್ಕೂಲೇ! ಮೇನ್ ಸೆಕ್ಷನ್ನಾ?” ಎಂದರು. ಆ ಕ್ಷಣದಿಂದ ನಾನು ಆ ಮನೆಯ ಸೊಸೆ.

ರಾಣಿ ತೀರಿಕೊಂಡದ್ದನ್ನು ನೀನೂ ಟಿವಿಯಲ್ಲಿ ನೋಡಿದೆಯಂತೆ. “ಪಾಪ, ವಯಸ್ಸಾಗಿತ್ತು” ಎಂದು ಹೇಳಿ ಅವರೆಕಾಯಿ ಬಿಡಿಸುತ್ತ ಕೂತೆ ಎಂದು ಮಾಮ ಹೇಳಿದ. ವಾಲ್‌ನಟ್‌ನಲ್ಲಿ ಇಷ್ಟು ಸುಲಭವಾಗಿ ಮುಗಿಯಲಿಲ್ಲ. ಅತ್ತೆ ಮೂರು ದಿನ ಬಿಳಿ ಸೀರೆ ಉಟ್ಟರು. ಅವರ ಸ್ವಂತ ಅತ್ತೆ ತೀರಿಕೊಂಡಾಗ ವೈಕುಂಠ ಸಮಾರಾಧನೆ ಮುಗಿದ ಮಾರನೆಯ ದಿನ ಲಾಸ್ ವೇಗಸ್‌ಗೆ ಹೋಗಿದ್ದರು ಎಂದು ಶ್ರೀಕರ್ ನನ್ನ ಕಿವಿಯಲ್ಲಿ ಹೇಳಿದ. ಆಮೇಲೆ ವಾಟ್ಸ್ಯಾಪಿನಲ್ಲಿ ಆಹ್ವಾನ ಬಂತು. ಮೂಲೆಯಲ್ಲಿ ಕಿರೀಟದ ಚಿತ್ರ, ನಡುವೆ ದೊಡ್ಡಕ್ಷರ: “ರಾಣಿ ಮತ್ತು ನಾವು: ಅಳಿಯದ ಬಾಂಧವ್ಯ. ಭಾನುವಾರ ಮಧ್ಯಾಹ್ನ ಹೈ ಟೀ. ಟೋಪಿ ಕಡ್ಡಾಯವಲ್ಲ, ಇದ್ದರೆ ಚೆಂದ.”

ಬಾಂಧವ್ಯವಂತೆ! ಓದಿ ನನಗೆ ನಗು ಬಂತು, ಆಮೇಲೆ ಮೈ ಉರಿಯಿತು. ಒಬ್ಬಾಕೆ ಒಂದು ಮಧ್ಯಾಹ್ನ ತೆರೆದ ಕಾರಿನಲ್ಲಿ ಹೋಗುತ್ತ ಕೈ ಬೀಸಿದಳು. ಆಕೆಗೆ ನಿಮ್ಮ ಊರಿನ ಹೆಸರು ಆ ಸಂಜೆಯವರೆಗಾದರೂ ನೆನಪಿತ್ತೋ ಇಲ್ಲವೋ. ಬಿಸಿಲಿನಲ್ಲಿ ಕಾಗದದ ಬಾವುಟ ಹಿಡಿದು ನಾಲ್ಕು ಗಂಟೆ ನಿಂತ ನೀವು ಮಾತ್ರ ಅರವತ್ತು ವರ್ಷ ಅದನ್ನು ಹೇಳಿಕೊಂಡು ತಿರುಗುತ್ತೀರಿ. ಒಂದೇ ಕಡೆಯಿಂದ ಎಳೆದರೆ ಅದು ಹಗ್ಗವೂ ಆಗುವುದಿಲ್ಲ, ಬರೀ ನಾರು. ಹಗ್ಗ ಹೊಸೆದವರ ಮಗಳು ನೀನು, ನಿನಗೆ ಹೇಳಬೇಕಾ?

ಭಾನುವಾರ ಹದಿನೆಂಟು ಜನ ಬಂದರು. ಹೆಚ್ಚಿನವರು ಪಕ್ಕದೂರು ಡೈಮಂಡ್ ಬಾರ್ ಕಡೆಯವರು. ಐದು ಟೋಪಿ ಎಣಿಸಿದೆ. ಒಂದರ ಮೇಲೆ ಗರಿ, ಒಂದರ ಕೆಳಗೆ ಮಲ್ಲಿಗೆ ಮಾಲೆ. ಸೌತೆಕಾಯಿಯ ಸ್ಯಾಂಡ್‌ವಿಚ್ ಅಂಚು ಕತ್ತರಿಸಿಕೊಂಡು ಮೂರು ತಟ್ಟೆ ತುಂಬ ಕೂತಿತ್ತು. ಎಲ್ಲರೂ ಒಂದೊಂದು ಕೈಯಲ್ಲಿ ಹಿಡಿದುಕೊಂಡು, ಅಡುಗೆಮನೆಗೆ ಬಂದು ಚಕ್ಕುಲಿ ತಿಂದರು. ಹಾಲಿನಲ್ಲಿ ರಾಣಿಯ ಫೋಟೋ ಇಟ್ಟು, ಗಂಧದ ಹಾರ ಹಾಕಿ, ಮುಂದೆ ದೀಪ ಹಚ್ಚಿದ್ದರು.

“ಕುಂಕುಮ ಇಡ್ಬೋದೇನ್ರೀ?” ಎಂದು ಸೌಜನ್ಯ ಆಂಟಿ ಪಿಸುಗುಟ್ಟಿದರು. ಅವರು ಅತ್ತೆಯ ಬಲಗೈ ಇದ್ದ ಹಾಗೆ. ಪೂಜೆ ಇದ್ದರೂ ಅವರೇ, ಪಾರ್ಟಿ ಇದ್ದರೂ ಅವರೇ.

“ಗಂಡ ಹೋದ ವರ್ಷಾನೇ ಹೋದ್ರಲ್ಲ. ಬೇಡ, ಹೂವು ಸಾಕು” ಎಂದರು ಅತ್ತೆ.

“ಅವರಲ್ಲಿ ಅದೆಲ್ಲ ಇಲ್ವಲ್ಲ?”

“ನಮ್ಮ ಮನೇಲಿದ್ದಾರಲ್ಲ ಈಗ.”

ಸೋಫಾದ ತುದಿಯಲ್ಲಿ ಕೂತಿದ್ದ ಫಿರೋಜಾ ಆಂಟಿ ಚಹಾ ಬಟ್ಟಲು ಕೆಳಗಿಟ್ಟರು. ಅವರು ಮೈಸೂರಿನವರು, ಪಕ್ಕದ ಬೀದಿಯಲ್ಲಿ ಮನೆ, ಮೂವತ್ತು ವರ್ಷ ಔಷಧಿ ಅಂಗಡಿಯಲ್ಲಿ ಕೆಲಸ ಮಾಡಿ ಈಗ ನಿವೃತ್ತರು. ನಾಲಿಗೆಗೆ ಮಾತ್ರ ನಿವೃತ್ತಿ ಇಲ್ಲ. “ತಲೆ ಮೇಲೆ ಅಷ್ಟೊಂದು ವಜ್ರ ಇಟ್ಕೊಂಡಿದ್ದ ಹೆಂಗಸು ಕಣ್ರೇ. ನಿಮ್ಮ ಒಂದು ಚಿಟಿಕೆ ಕುಂಕುಮಕ್ಕೆ ಕಾಯ್ತಾ ಕೂತಿದಾರಾ?” ಎಂದರು.

ಗಿರಿಧರ್ ಮಾವ ಭಾಷಣ ಮಾಡಿದರು. ನಾವೆಲ್ಲರೂ ಕಾಮನ್‌ವೆಲ್ತ್ ಎಂಬ ಒಂದು ಮನೆಯ ಮಕ್ಕಳು, ಆ ಮನೆಯ ತಾಯಿ ಈಗಿಲ್ಲ ಎಂದರು.

“ಯಾವ ಕಾಮನ್‌ವೆಲ್ತು ಗಿರಿಧರ್?” ಎಂದರು ಫಿರೋಜಾ ಆಂಟಿ. “ಹೋದ ವರ್ಷ ತಾನೇ ಕೈ ಎತ್ತಿ ಅಮೆರಿಕದ ಪ್ರಮಾಣ ಮಾಡಿ ಬಂದ್ರಿ. ರಾಜನ್ನ ಒದ್ದು ಓಡಿಸಿದ ದೇಶ ರೀ ಇದು. ಜುಲೈ ನಾಲ್ಕಕ್ಕೆ ಪಟಾಕಿ ಹೊಡೆಯೋದೂ ಅದಕ್ಕೇ.”

ಎಲ್ಲರೂ ನಕ್ಕರು. ಅತ್ತೆ ನಗಲಿಲ್ಲ. ಎದ್ದು ನಿಂತು ತಮ್ಮ ಕಥೆ ಶುರುಮಾಡಿದರು.

ಆ ಕಥೆ ಶ್ರೀಕರ್‌ಗೆ ಬಾಯಿಪಾಠ. ಸಾವಿರದ ಒಂಬೈನೂರ ಅರವತ್ತೊಂದು, ಫೆಬ್ರವರಿ. ರಾಣಿ ಬೆಂಗಳೂರಿಗೆ ಬಂದದ್ದು. ಲಾಲ್‌ಬಾಗಿನ ದಾರಿಯಲ್ಲಿ ಶಾಲೆಯ ಮಕ್ಕಳ ಸಾಲು. ಆರುನೂರು ಹುಡುಗಿಯರಲ್ಲಿ ಆರಿಸಿದ್ದು ಏಳು ವರ್ಷದ ನಿರುಪಮಾಳನ್ನು. ಹೂಗುಚ್ಛ ಕೊಟ್ಟಾಗ ರಾಣಿ ಬಗ್ಗಿ ಏನೋ ಹೇಳಿದರಂತೆ. ಅತ್ತೆಗೆ ಆಗ ರಾಣಿಯ ಇಂಗ್ಲಿಷಿನ ಒಂದು ಪದವೂ ಅರ್ಥವಾಗಲಿಲ್ಲ. ಹಾಗಾಗಿ ರಾಣಿ ಹೇಳಿದ ಮಾತು ವರ್ಷ ವರ್ಷಕ್ಕೂ ಬದಲಾಗುತ್ತದೆ. ಶ್ರೀಕರ್ ಚಿಕ್ಕವನಿದ್ದಾಗ ಅದು “ಥ್ಯಾಂಕ್ ಯೂ” ಆಗಿತ್ತಂತೆ. ಕಾಲೇಜಿಗೆ ಹೋಗುವ ಹೊತ್ತಿಗೆ “ಎಂಥ ಮುದ್ದಾದ ಮಗು” ಆಯಿತು. ಈ ಭಾನುವಾರ ರಾಣಿ ಅತ್ತೆಯ ಕಣ್ಣಲ್ಲಿ ಕಣ್ಣಿಟ್ಟು “ನೀನು ಬಹಳ ದೂರ ಹೋಗುತ್ತೀಯ” ಎಂದುಬಿಟ್ಟರು. ಹೋದರು ನೋಡು, ವಾಲ್‌ನಟ್‌ವರೆಗೆ!

“ಆ ಸ್ಪರ್ಶ ಇವತ್ತಿಗೂ ಈ ಕೈಯಲ್ಲಿದೆ” ಎಂದು ಅತ್ತೆ ಅಂಗೈ ತೋರಿಸಿದರು. ಆ ದಿನದ ಫೋಟೋದಲ್ಲಿ ರಾಣಿ ಮೊಣಕೈವರೆಗೆ ಗವಸು ಹಾಕಿಕೊಂಡಿದ್ದಾರೆ ಅಜ್ಜಿ. ಯಾರೂ ಯಾರನ್ನೂ ಮುಟ್ಟಿಲ್ಲ.

ಆಮೇಲೆ ಅತ್ತೆ ಫ್ರಾಕ್ ತಂದರು. ಅದು ಇಷ್ಟು ವರ್ಷ ಗಾಜಿನ ಪೆಟ್ಟಿಗೆಯಲ್ಲಿ, ಕೆಳಗೆ ಹಿತ್ತಾಳೆಯ ಫಲಕದೊಂದಿಗೆ, ಮಹಡಿಯ ಕೋಣೆಯ ಗೋಡೆಯ ಮೇಲಿತ್ತು. ನಾನು ಎಷ್ಟೋ ಸಲ ಅದರ ಮುಂದೆ ನಿಂತಿದ್ದೇನೆ. ಅನುಮಾನ ಇರಲಿಲ್ಲ ಎಂದು ಹೇಳಿದರೆ ಸುಳ್ಳಾಗುತ್ತದೆ. ಆದರೆ ಗಾಜಿನ ಆಚೆ ಇರುವ ಬಿಳಿ ಬಟ್ಟೆ ಬರೀ ಬಿಳಿ ಬಟ್ಟೆ. ಈ ಭಾನುವಾರ, ಎಲ್ಲರೂ ಮುಟ್ಟಿ ನೋಡಲಿ ಎಂದು, ಅತ್ತೆ ಅದನ್ನು ಮೊದಲ ಸಲ ಹೊರಗೆ ತೆಗೆಸಿದ್ದರು.

“ಕಮರ್ಷಿಯಲ್ ಸ್ಟ್ರೀಟಲ್ಲಿ ಒಬ್ಬ ಇಂಗ್ಲಿಷ್ ಟೈಲರ್ ಇದ್ದ. ಅವನ ಹತ್ರ ನಮ್ಮಪ್ಪ ಹೊಲಿಸಿದ್ದು” ಎಂದರು.

ಫ್ರಾಕ್ ಕೈಯಿಂದ ಕೈಗೆ ಹೋಗಿ ಫಿರೋಜಾ ಆಂಟಿಯ ಮಡಿಲಿಗೆ ಬಂತು. ಅವರು ಕನ್ನಡಕ ಏರಿಸಿದರು. ಕೆಳಗಿನ ಅಂಚನ್ನು ಬೆರಳಲ್ಲಿ ಎಣಿಸಿದರು. “ಮೂರು ಮಡಿಕೆ” ಎಂದರು.

“ಏನು?”

“ಮೂರು ಬೆರಳಗಲದ ಮೂರು ಮಡಿಕೆ ಇದೆ ನಿರುಪಮಾ. ನಮ್ಮಮ್ಮ ಹಾಕ್ತಿದ್ರು. ವರ್ಷಕ್ಕೊಂದು ಬಿಚ್ಚಬೇಕು, ಫ್ರಾಕ್ ಉದ್ದ ಆಗುತ್ತೆ, ಹುಡುಗಿ ಜೊತೆ ಬೆಳೆಯುತ್ತೆ. ಇದು ಒಂದೇ ಫ್ರಾಕಲ್ಲಿ ನಾಲ್ಕು ವರ್ಷ ಕಳೀಬೇಕಾದ ಮನೆ ಹೊಲಿಗೆ. ನಿಮ್ಮಪ್ಪ ದೊಡ್ಡ ಇಂಜಿನಿಯರ್ ಅಲ್ವಾ? ಇಂಗ್ಲಿಷ್ ಟೈಲರ್ ಮಡಿಕೆ ಹಾಕ್ತಾನಾ?”

ಅಜ್ಜಿ, ನನ್ನ ಕೈಯಲ್ಲಿ ಚಹಾದ ಜಗ್ ಇತ್ತು. ಅದನ್ನು ಬಿಗಿಯಾಗಿ ಹಿಡಿದುಕೊಂಡೆ. ನಿನ್ನ ಅವ್ವ ಹಾಕಿದ ಮಡಿಕೆಯ ಲೆಕ್ಕ ನನಗೆ ಗೊತ್ತಿಲ್ಲವಾ? ಹತ್ತನೇ ವಯಸ್ಸಿಗೊಂದು, ಹನ್ನೊಂದಕ್ಕೊಂದು, ಹನ್ನೆರಡಕ್ಕೊಂದು. ಫಿರೋಜಾ ಆಂಟಿ ಒಂದು ಮಡಿಕೆಯನ್ನು ಉಗುರಿನಿಂದ ಎಬ್ಬಿಸಿದರು. ಒಳಗೆ ಹಸಿರು ಪಟ್ಟಿ. ಬಣ್ಣ ಒಂದಿಷ್ಟೂ ಮಾಸಿಲ್ಲ. ಬಿಳಿ ಬಟ್ಟೆ ಸಾಲದೆ ನಿನ್ನ ಅವ್ವ ತನ್ನ ಹಸಿರು ಸೀರೆಯ ಸೆರಗಿನ ತುದಿ ಕತ್ತರಿಸಿ ಒಳಗೆ ಕೊಟ್ಟದ್ದು. ನೀನು ಹೇಳಿದ ಹಾಗೆಯೇ ಅದರ ಮೇಲೆ ಸಾಸಿವೆಯಷ್ಟು ಸಣ್ಣ ಹಳದಿ ಚುಕ್ಕೆ.

ಅಷ್ಟಕ್ಕೇ ಮುಗಿಯಲಿಲ್ಲ. ಸೊಂಟದ ಹಿಂದೆ ಎರಡು ಸಾಲು ಪಿನ್ನಿನ ತೂತು ಇತ್ತು. ಒಂಬತ್ತು ವರ್ಷದವಳ ಫ್ರಾಕನ್ನು ಏಳು ವರ್ಷದವಳಿಗೆ ಬಿಗಿಮಾಡಿದ ಗುರುತು. ಫಿರೋಜಾ ಆಂಟಿ ಪೂರ್ತ ತಿರುಗಿಸಿದರು. ಹಿಂಭಾಗದಲ್ಲಿ, ಸರಿಯಾಗಿ ಕೂರುವ ಜಾಗದಲ್ಲಿ, ಒಂದು ತಟ್ಟೆಯಗಲ ಕೆಮ್ಮಣ್ಣಿನ ಕಲೆ! ಗಾಜಿನ ಪೆಟ್ಟಿಗೆಯಲ್ಲಿ ಇಷ್ಟು ವರ್ಷ ಗೋಡೆಗೆ ಮುಖ ಮಾಡಿ ಕೂತಿದ್ದ ಕಲೆ.

“ಬಿದ್ದಿದ್ಯಾ?” ಎಂದರು ಫಿರೋಜಾ ಆಂಟಿ.

ಅತ್ತೆಯ ಮುಖ ಆ ಮಣ್ಣಿನ ಬಣ್ಣಕ್ಕೇ ತಿರುಗಿತು. “ಹಿಂದಕ್ಕೆ ನಡೀಬೇಕಿತ್ತು. ರಾಣಿಗೆ ಬೆನ್ನು ತೋರಿಸೋ ಹಾಗಿಲ್ಲ. ಹನ್ನೊಂದು ಹೆಜ್ಜೆ. ನನಗೆ ಅಭ್ಯಾಸ ಇರಲಿಲ್ಲ.”

ಅಭ್ಯಾಸ ಹೇಗಿರುತ್ತದೆ ಹೇಳು! ಅಭ್ಯಾಸ ಇದ್ದದ್ದು ನಿನಗೆ. ನಾರು ಬಿಟ್ಟುಕೊಡುತ್ತ ಅಂಗಳದ ಈ ತುದಿಯಿಂದ ಆ ತುದಿಗೆ ಹಿಂದಕ್ಕೆ ನಡೆಯುವುದೇ ನಿಮ್ಮ ಮನೆಯ ಕಸುಬು. ಐದು ವರ್ಷದವಳಿದ್ದಾಗಿನಿಂದ ನಿನ್ನ ಅಪ್ಪನ ಹಗ್ಗಕ್ಕೆ ನಾರು ಬಿಟ್ಟವಳು ನೀನು. ಮೇನ್ ಸೆಕ್ಷನ್ನಿನ ಹುಡುಗಿಯರೆಲ್ಲ ಮೂರನೆಯ ಹೆಜ್ಜೆಗೆ ಮುಗ್ಗರಿಸುತ್ತಿದ್ದರು ಎಂದು ಸಿಸ್ಟರ್ ಫೀಸಿಲ್ಲದ ಮಕ್ಕಳ ಹಿಂದಿನ ಗೇಟಿನ ಫ್ರೀ ಸೆಕ್ಷನ್ನಿಗೆ ಬಂದು, ಮನಸ್ಸಿಲ್ಲದ ಮನಸ್ಸಿನಿಂದ ನಿನ್ನನ್ನು ಆರಿಸಿದರು. ಮೂರು ವಾರ ತಾಲೀಮು ಮಾಡಿಸಿದರು. ಕೊನೆಯ ಬೆಳಿಗ್ಗೆ ಇಂಜಿನಿಯರರ ಮಗಳು ಗುಲಾಬಿ ಫ್ರಾಕ್ ಹಾಕಿಕೊಂಡು ಕಾರಿನಿಂದ ಇಳಿದಳು. ಹೂ ಕೊಡುವುದು ನಿನ್ನ ಬದಲು ಅವಳು, ಫ್ರಾಕ್ ಬಿಳಿಯೇ ಆಗಬೇಕು ಎಂದರು. ಬೆತ್ತದ ಕುರ್ಚಿಗಳ ಕೋಣೆಯಲ್ಲಿ ನಿನ್ನ ಫ್ರಾಕ್ ಬಿಚ್ಚಿಸಿ ನಿನ್ನನ್ನು ಬರೀ ಒಳ ಶಿಮ್ಮಿಯಲ್ಲಿ ಕೂರಿಸಿದರು. ನೀನು ಬ್ಯಾಂಡಿನ ಸದ್ದು ಮಾತ್ರ ಕೇಳಿದೆ. ಮೇಜಿನ ಮೇಲಿನ ಬಟ್ಟೆ ಸುತ್ತಿಕೊಂಡು ಮನೆಗೆ ಹೋದೆ. ಅವ್ವ “ಫ್ರಾಕ್ ಎಲ್ಲೇ?” ಎಂದಾಗ ನೀನು ಹೇಳಿದೆ: “ರಾಣಿ ತಗೊಂಡ್ಲು.”

ಅವ್ವ ನಂಬಿದಳಲ್ಲ! ತನ್ನ ಹೊಲಿಗೆ ಅಷ್ಟು ಚೆನ್ನಾಗಿತ್ತು, ರಾಣಿಯೇ ಕೇಳಿ ತೆಗೆದುಕೊಂಡಳು ಎಂದು ಬೀದಿಗೆಲ್ಲ ಹೇಳಿದಳು. ಸಾಯುವವರೆಗೂ, ಅರಮನೆಯಲ್ಲಿ ಯಾವ ಮಗು ಅದನ್ನು ಹಾಕಿಕೊಂಡಿದೆಯೋ, ಮಡಿಕೆ ಬಿಚ್ಚಲು ಯಾರಿಗಾದರೂ ಬರುತ್ತದೋ ಇಲ್ಲವೋ ಎಂದು ಚಿಂತೆ ಮಾಡಿದಳು. ಬಾಂಧವ್ಯ ಅಂದರೆ ಅದು. ಆದರೆ ಅದನ್ನು ಕಟ್ಟಿದ್ದು ಒಂದು ಪುಟ್ಟ ಹುಡುಗಿಯ ಸುಳ್ಳು, ಯಾವ ರಾಣಿಯೂ ಅಲ್ಲ. ಅಂದಿನಿಂದ ನಮ್ಮ ಮನೆಯಲ್ಲಿ ಚಮಚ ಕಳೆದರೂ, ಬಸ್ಸು ತಪ್ಪಿದರೂ, ಅಮ್ಮನ ವೀಸಾದ ದಿನ ಮುಂದೆ ಹೋದರೂ ಒಂದೇ ಮಾತು, ರಾಣಿ ತಗೊಂಡ್ಲು.

“ಹಾಗಾದ್ರೆ ಈ ಫ್ರಾಕ್ ಯಾರದು?” ಎಂದು ಫಿರೋಜಾ ಆಂಟಿ ಬಿಡದೆ ಕೇಳಿದರು.

“ಯಾವುದೋ ಫ್ರೀ ಸೆಕ್ಷನ್ ಹುಡುಗಿದು. ಸಿಸ್ಟರ್ ಬದಲಾಯಿಸಿದ್ರು. ಅದೇ ಫ್ರಾಕಲ್ಲಿ ಮನೆಗೆ ಹೋದೆ, ನಮ್ಮಮ್ಮ ಎತ್ತಿಟ್ರು. ಆ ಹುಡುಗಿಗೆ ಬೇರೆ ಏನಾದ್ರೂ ಕೊಟ್ಟಿರ್ತಾರೆ ಬಿಡಿ. ಹೆಸರೆಲ್ಲ ಯಾರಿಗೆ ನೆನಪಿರುತ್ತೆ? ಚೈತನ್ಯಾ, ಚಹಾ ತಣ್ಣಗಾಯ್ತು, ಬೇರೆ ಹಾಕಮ್ಮ.”

ನಾನು ಹೋಗಿ ಬೇರೆ ಹಾಕಿಕೊಂಡು ಬಂದೆ. ಹದಿನೆಂಟು ಬಟ್ಟಲಿಗೆ ಬಡಿಸಿದೆ. ಅದನ್ನು ಬರೆಯದೆ ಬಿಡಬಹುದಿತ್ತು, ಬರೆದಿದ್ದೇನೆ.

ಎಲ್ಲರೂ ಹೋದ ಮೇಲೆ ನಿಂಬೆ ಗಿಡದ ಹತ್ತಿರ ಶ್ರೀಕರ್‌ಗೆ ಎಲ್ಲವನ್ನೂ ಹೇಳಿದೆ. ಅವನು ತುಂಬ ಹೊತ್ತು ಮಾತಾಡಲಿಲ್ಲ. ಆಮೇಲೆ, “ಅಮ್ಮನಿಗೆ ನೀನು ಹೇಳ್ತೀಯಾ, ನಾನು ಹೇಳ್ಲಾ?” ಎಂದು ಕೇಳಿದ. ನಾನೇ ಎಂದೆ. ಆ ರಾತ್ರಿ ಅಲ್ಲೇ ಉಳಿದೆವು. ನಿನ್ನೆ ಬೆಳಿಗ್ಗೆ ತಿಂಡಿಯ ಹೊತ್ತಿಗೆ ಅತ್ತೆ ಕೈಯಲ್ಲಿ ಟಿಶ್ಯೂ ಹಿಡಿದು ಟಿವಿಯ ಮುಂದೆ ಕೂತಿದ್ದರು. ರಾಣಿಯ ಅಂತಿಮಯಾತ್ರೆಯನ್ನು ಮತ್ತೆ ತೋರಿಸುತ್ತಿದ್ದರು. ಕುದುರೆ, ಸೈನಿಕರು, ಇಡೀ ಬೀದಿ ತುಂಬ ಜನ. ನಾನು ಉಪ್ಪಿಟ್ಟಿನ ತಟ್ಟೆ ಕೊಟ್ಟು, ಅವರೆದುರು ಕೂತು ಹೇಳಿದೆ: “ಅತ್ತೆ, ಆ ಫ್ರೀ ಸೆಕ್ಷನ್ ಹುಡುಗಿ ಹೆಸರು ಶಿವನಂಜಮ್ಮ. ನಮ್ಮಜ್ಜಿ. ಫ್ರಾಕ್ ಕೊಡಿ, ಅವಳಿಗೆ ತಲುಪಿಸ್ತೀನಿ.”

ಅತ್ತೆ ಟಿವಿಯ ದನಿ ಅಡಗಿಸಿದರು. ನನ್ನನ್ನು ನೋಡುತ್ತ ನಾಲ್ಕು ಮಾತು ಹೇಳಿದರು. ಅವನ್ನು ಕೆಳಗೆ ಬರೆಯುತ್ತೇನೆ. ಆಮೇಲೆ ಎದ್ದು ಒಳಗೆ ಹೋಗಿ, ಫ್ರಾಕನ್ನು ತೆಳು ಕಾಗದದಲ್ಲಿ ಸುತ್ತಿ, ನನ್ನ ಮಡಿಲಲ್ಲಿ ಇಟ್ಟು, ಉಪ್ಪಿಟ್ಟು ತಿನ್ನದೆ ಮಹಡಿಗೆ ಹೋದರು. ಟಿವಿಯಲ್ಲಿ ಸದ್ದಿಲ್ಲದ ಬ್ಯಾಂಡು ಸಾಗುತ್ತಿತ್ತು.

ನಿನ್ನ ಫ್ರಾಕ್ ಚೆನ್ನಾಗಿದೆ ಅಜ್ಜಿ. ಒಂದು ಗುಂಡಿ ಸಡಿಲವಾಗಿದೆ. ಕಲೆಯನ್ನು ನಾನು ತೊಳೆದಿಲ್ಲ, ನೀನೇ ನೋಡಿ ನಗಬೇಕು ಎಂದು. ಮೂರು ಮಡಿಕೆಯೂ ಹಾಗೇ ಇವೆ, ಒಂದನ್ನೂ ಯಾರೂ ಬಿಚ್ಚಿಲ್ಲ.

ನೀನು ಎಂದಿನ ಹಾಗೆ ಹಣೆ ಸವರಿ “ನೂರು ವರ್ಷ ಬಾಳು” ಎನ್ನು. ನಮ್ಮಿಬ್ಬರಿಗೂ ಅನ್ನು. ನನಗಲ್ಲದಿದ್ದರೂ ಶ್ರೀಕರ್‌ಗೆ.

ನಿನ್ನ
ಚೈತು

ಮತ್ತೆ: ಇದನ್ನು ಸಹಿಯ ಮೇಲೆ ಬರೆಯುವ ಧೈರ್ಯ ಬರಲಿಲ್ಲ.

ಅತ್ತೆ ಹೇಳಿದ್ದು ಇದು. “ನಿಮ್ಮಜ್ಜಿ ಮೇನ್ ಸೆಕ್ಷನ್ ಅಂತ ನೀನೇ ಅಂದಿದ್ದೆ. ಹುಷಾರಿಲ್ಲ, ಅಷ್ಟು ದೂರ ಬರೋಕಾಗಲ್ಲ ಅಂದಿದ್ದೆ. ಚೈತನ್ಯಾ, ಅವರ ಫ್ರಾಕ್ ಬಿಚ್ಚಿ ನನಗೆ ಹಾಕಿದಾಗ ನನಗೆ ಏಳು ವರ್ಷ. ಧಾರೆ ದಿವಸ ಅವರ ಜಾಗದಲ್ಲಿ ಸೌಜನ್ಯನ್ನ ನಿಲ್ಲಿಸ್ದಾಗ ನಿನಗೆಷ್ಟು?”

ಇಪ್ಪತ್ತಾರು, ಅಜ್ಜಿ.

ಹತ್ತು ನಿಮಿಷದ ಸಹಿ ಆದದ್ದು ನಿಜ. ಆದರೆ ಅಲ್ಲಿಂದ ನೇರವಾಗಿ ವಾಲ್‌ನಟ್‌ಗೆ ಹೋದೆವು. ನಿಂಬೆ ಗಿಡದ ಪಕ್ಕ ಚಪ್ಪರ ಹಾಕಿದ್ದರು. ಮೂವತ್ತೆರಡು ಜನ ಇದ್ದರು. ನಾನು ಕೆಂಪು ಸೀರೆ ಉಟ್ಟಿದ್ದೆ. ಪುರೋಹಿತರು “ಹುಡುಗಿ ಕಡೆ ಹಿರಿಯರು ಯಾರು?” ಎಂದು ಎರಡು ಸಲ ಕೂಗಿದರು. ಅಪ್ಪ ಅಮ್ಮನಿಗೆ ವೀಸಾ ಸಿಕ್ಕಿರಲಿಲ್ಲ. ಮಾಮನನ್ನು ಬಿಟ್ಟರೆ ಈ ದೇಶದಲ್ಲಿ ನನಗಿದ್ದ ಹಿರಿಯಳು ನೀನೊಬ್ಬಳು, ಎರಡು ಗಂಟೆಯ ದಾರಿಯಲ್ಲಿ; ಇಬ್ಬರಿಗೂ ಹೇಳಲಿಲ್ಲ. ನೀನು ಬಂದರೆ ಅತ್ತೆ ಸ್ಕೂಲಿನ ಮಾತು ತೆಗೆಯುತ್ತಾರೆ, ನೀನು ಹಿಂದಿನ ಗೇಟು, ಹಗ್ಗದ ಅಂಗಳ ಎಲ್ಲವನ್ನೂ ನಗುತ್ತ ಹೇಳಿಬಿಡುತ್ತೀಯ ಎಂದು ನನಗೆ ಭಯ. ಅವರು ಯಾರೆಂದು ನನಗೆ ಮೊದಲ ದಿನವೇ ಗೊತ್ತಾಗಿತ್ತು. ಅನುಮಾನ ಎಂದು ಮೇಲೆ ಬರೆದದ್ದು ಸುಳ್ಳು. ಸೌಜನ್ಯ ಆಂಟಿ ಬಂದು ನಿಂತರು. ನನ್ನ ಅಂಗೈ ಮೇಲೆ ಧಾರೆಯ ನೀರು ಬಿಟ್ಟದ್ದು ಅವರ ಕೈ. ಶ್ರೀಕರ್‌ಗೂ ನಿನಗೆ ಹುಷಾರಿಲ್ಲ ಎಂದೇ ಹೇಳಿದ್ದೆ. ಭಾನುವಾರ ನಿಂಬೆ ಗಿಡದ ಕೆಳಗೆ ಅವನು ಅಷ್ಟು ಹೊತ್ತು ಸುಮ್ಮನಿದ್ದದ್ದು ಅದಕ್ಕೆ. ಈಗಲೂ ಮಧ್ಯಾಹ್ನ ಊಟಕ್ಕೆ ಬರುತ್ತಾನೆ. ಪೂರ್ತ ಊಟ ಮಾಡಿ ಹೋಗುತ್ತಾನೆ.

ಆ ಸಂಜೆ ನೀನು ಫೋನು ಮಾಡಿದೆ. “ಸೀರೆ ಉಟ್ಟಿದ್ಯಾ?” ಎಂದು ಕೇಳಿದೆ. ಇಲ್ಲ ಎಂದೆ ನಾನು. “ಒಂದು ಫೋಟೋನಾದ್ರೂ?” ಎಂದೆ. ತೆಗೆಯುವವರು ಯಾರೂ ಇರಲಿಲ್ಲ ಎಂದೆ. ನನ್ನ ಹಿಂದೆ ಯಾರೋ ಜೋರಾಗಿ ನಕ್ಕರು, ತಟ್ಟೆಗಳ ಸದ್ದಾಯಿತು. ನೀನು “ಹೋಗ್ಲಿ ಬಿಡು ಮಗಾ, ರಾಣಿ ತಗೊಂಡ್ಲು” ಎಂದೆ.

ಆ ಮಾತನ್ನು ನೀನು ಮೊದಲ ಸಲ ಹೇಳಿದ್ದು ನಿನ್ನ ಅವ್ವನಿಗೆ ನೋವಾಗದಿರಲಿ ಎಂದು. ಈ ಸಲ ಯಾರಿಗೆ ನೋವಾಗದಿರಲಿ ಎಂದು ಹೇಳಿದೆ ಎನ್ನುವುದು ನನಗೆ ನಿನ್ನೆ ಟಿವಿಯ ದನಿ ನಿಂತಾಗ ತಿಳಿಯಿತು.

ಕ್ಷಮಿಸು ಎಂದು ಕಾಗದದಲ್ಲಿ ಕೇಳುವುದಿಲ್ಲ. ಶ್ರೀಕರ್ ಡ್ರೈವ್ ಮಾಡುತ್ತೇನೆ ಎಂದ, ಬೇಡ ಎಂದೆ. ಒಬ್ಬಳೇ ಬರುತ್ತೇನೆ. ಫ್ರಾಕನ್ನು ಚೀಲಕ್ಕೆ ಹಾಕುವುದಿಲ್ಲ, ಮಡಿಲಲ್ಲೇ ಇಟ್ಟುಕೊಳ್ಳುತ್ತೇನೆ. ಕೆಂಪು ಸೀರೆಯನ್ನೂ ತರುತ್ತಿದ್ದೇನೆ. ನೀನು ಧಾರೆಗೆಂದು ಒಂದು ಚೊಂಬು ನೀರು ಹಿಡಿದರೆ ಉಡುತ್ತೇನೆ, ಇಲ್ಲವಾದರೆ ಹಾಗೇ ವಾಪಸ್ ಒಯ್ಯುತ್ತೇನೆ. ಮಾಮನಿಗೆ ಸ್ಟೇಷನ್ನಿಗೆ ಬರುವುದು ಬೇಡ ಎಂದು ಹೇಳು. ನೀನು ಬರುವುದು, ಬಿಡುವುದು ನಿನಗೆ ಬಿಟ್ಟದ್ದು. ಶನಿವಾರ, ಸೆಪ್ಟೆಂಬರ್ ಇಪ್ಪತ್ತನಾಲ್ಕು. ಲಾಸ್ ಏಂಜಲೀಸ್ ಯೂನಿಯನ್ ಸ್ಟೇಷನ್ನಿನಿಂದ ಬೆಳಗಿನ ರೈಲು, ಪೆಸಿಫಿಕ್ ಸರ್ಫ್‌ಲೈನರ್, ಸ್ಯಾನ್ ಡಿಯೇಗೊದ ಸ್ಯಾಂಟಾ ಫೆ ಡಿಪೋಗೆ ಮಧ್ಯಾಹ್ನ ಹನ್ನೆರಡರ ಹೊತ್ತಿಗೆ.